ಸೋಲು ಖಚಿತವೆಂದು ತಿಳಿದೂ ವಿರೋಧ ಪಕ್ಷಗಳು ಸ್ಪರ್ಧಿಸುವುದೇಕೆ?

ಪ್ರಶ್ನೆ: ಸರ್ವಾಧಿಕಾರದತ್ತ ಜಾರುತ್ತಿರುವ ದೇಶದಲ್ಲಿ ವಿರೋಧ ಪಕ್ಷಗಳು ಚುನಾವಣೆಯನ್ನು ಬಹಿಷ್ಕರಿಸುವುದೇ ಒಳ್ಳೆಯದಲ್ಲವೇ?

ಉತ್ತರ: ವೆನೆಜುವೆಲಾ ಎರಡೂ ದಾರಿಗಳನ್ನು ಕಂಡ ದೇಶ. 2005ರ ಸಂಸತ್ ಚುನಾವಣೆಯನ್ನು ಪ್ರಮುಖ ವಿರೋಧ ಪಕ್ಷಗಳು ಬಹಿಷ್ಕರಿಸಿದವು. ಪರಿಣಾಮ, 167 ಸ್ಥಾನಗಳೂ ಅಂದಿನ ಅಧ್ಯಕ್ಷ ಹ್ಯೂಗೊ ಚಾವೇಸ್ ಬೆಂಬಲಿಗರ ಪಾಲಾದವು. ಕಾನೂನು ಬದಲಿಸಲು ಅಡ್ಡಿ ಹೇಳುವವರೇ ಉಳಿಯಲಿಲ್ಲ.

2015ರಲ್ಲಿ ವಿರೋಧ ಪಕ್ಷಗಳು ಒಂದಾಗಿ ಸ್ಪರ್ಧಿಸಿ 112 ಸ್ಥಾನ ಗೆದ್ದವು. ಆದರೆ 2017ರಲ್ಲಿ, ಚಾವೇಸ್ ನಂತರ ಅಧ್ಯಕ್ಷರಾದ ಮಡುರೊ ಪರವಾಗಿದ್ದ ಸುಪ್ರೀಂ ಕೋರ್ಟ್ ಸಂಸತ್ತಿನ ಅಧಿಕಾರವನ್ನೇ ತನ್ನ ಕೈಗೆತ್ತಿಕೊಳ್ಳಲು ಹೊರಟಿತು. ಗೆದ್ದರೂ ಆಳಲಾಗದ ಸ್ಥಿತಿ.

ನಿಜವಾದ ಪಾಠ ಸಿಕ್ಕಿದ್ದು 2024ರ ಅಧ್ಯಕ್ಷೀಯ ಚುನಾವಣೆಯಲ್ಲಿ. ಜನಪ್ರಿಯ ನಾಯಕಿ ಮರಿಯಾ ಕೊರಿನಾ ಮಚಾದೊ ಸ್ಪರ್ಧಿಸದಂತೆ ತಡೆಯಲಾಯಿತು. ವಿರೋಧಿ ಕೂಟ ಕೈಚೆಲ್ಲಲಿಲ್ಲ. ನಿವೃತ್ತ ರಾಜತಾಂತ್ರಿಕ ಎಡ್ಮುಂಡೊ ಗೊನ್ಸಾಲೆಸ್ ಅವರನ್ನು ನಿಲ್ಲಿಸಿತು. ಜುಲೈ 28ರಂದು ಮತದಾನ ಮುಗಿದಾಗ ಸಾವಿರಾರು ಸ್ವಯಂಸೇವಕರು ಮತಯಂತ್ರಗಳು ಮುದ್ರಿಸಿಕೊಡುವ ಎಣಿಕೆ ಪಟ್ಟಿಗಳನ್ನು ಸಂಗ್ರಹಿಸಿದರು. ಬೆದರಿಕೆಯ ನಡುವೆ ನಡೆದ ಈ ಕೆಲಸ ಅಪ್ಪಟ ಸಾಹಸವೇ ಸರಿ. ಚುನಾವಣಾ ಮಂಡಳಿ ಮಡುರೊಗೆ ಶೇ. 51 ಮತ ಬಂದಿದೆ ಎಂದಿತು, ಮತಗಟ್ಟೆವಾರು ಲೆಕ್ಕ ಕೊಡಲಿಲ್ಲ. ವಿರೋಧಿಗಳು ಶೇ. 80ಕ್ಕೂ ಹೆಚ್ಚು ಪಟ್ಟಿಗಳನ್ನು ಬಹಿರಂಗಪಡಿಸಿದರು: ಗೊನ್ಸಾಲೆಸ್‌ಗೆ ಸುಮಾರು ಮೂರನೇ ಎರಡರಷ್ಟು ಮತ.

ಬಹಿಷ್ಕಾರದಿಂದ ಇಂಥ ದಾಖಲೆ ಎಂದೂ ಹುಟ್ಟುತ್ತಿರಲಿಲ್ಲ. ಬೆಲೆ ಮಾತ್ರ ದುಬಾರಿ: ಪ್ರತಿಭಟಿಸಿದ ಸಾವಿರಾರು ಜನ ಜೈಲು ಸೇರಿದರು, ಗೊನ್ಸಾಲೆಸ್ ಸೆಪ್ಟೆಂಬರ್‌ನಲ್ಲಿ ಸ್ಪೇನ್‌ಗೆ ತೆರಳಬೇಕಾಯಿತು. 2025ರ ಜನವರಿ 10ರಂದು ಮಡುರೊ ಮತ್ತೆ ಪ್ರಮಾಣವಚನ ಸ್ವೀಕರಿಸಿದರು. ಅದೇ ವರ್ಷ ನೊಬೆಲ್ ಶಾಂತಿ ಪ್ರಶಸ್ತಿ ಮಚಾದೊ ಅವರಿಗೆ ಸಂದಿತು.