ಅಂಕಿತವೂ ಕೃತಿಚೌರ್ಯವೂ

ಕೃತಿಚೌರ್ಯವು ಮುದ್ರಣಯಂತ್ರದೊಡನೆ ಹುಟ್ಟಿದ ದೋಷವೆಂದು ಅನೇಕರು ಭಾವಿಸುವುದುಂಟು. ಆದರೆ ಒಬ್ಬರ ಮಾತನ್ನು ಅವರದೆಂದೇ ಕಾಪಾಡುವ ವಿವೇಕವು ಹನ್ನೆರಡನೆಯ ಶತಮಾನದಲ್ಲಿಯೇ ಅಂಕಿತದ ರೂಪದಲ್ಲಿ ನೆಲೆಗೊಂಡಿತ್ತು. 'ಕೂಡಲಸಂಗಮದೇವ' ಎಂದೊಡನೆ ಬಸವಣ್ಣನವರು, 'ಗುಹೇಶ್ವರ' ಎಂದೊಡನೆ ಅಲ್ಲಮಪ್ರಭುಗಳು ನೆನಪಾಗುತ್ತಾರೆ. ಅಂಕಿತವು ವಚನಕಾರನ ಹೆಸರಲ್ಲ, ಇಷ್ಟದೈವದ ಹೆಸರು. 'ನಾನು' ಎಂಬುದನ್ನು ಅಳಿಸಿಕೊಂಡೇ ನುಡಿಯ ಹೊಣೆಯನ್ನು ಹೊರುವ ಬಗೆಯಿದು.

ಹಾಗಾದರೆ ಪರರ ನುಡಿಯನ್ನು ಸಂಕಲಿಸುವವನು ಚೋರನೇ? ಅಲ್ಲ. ಶೂನ್ಯಸಂಪಾದನೆಯನ್ನು ಶಿವಗಣಪ್ರಸಾದಿ ಮಹಾದೇವಯ್ಯ ಮೊದಲಾಗಿ ಗೂಳೂರು ಸಿದ್ಧವೀರಣ್ಣೊಡೆಯರವರೆಗೆ ನಾಲ್ವರು ಸಂಪಾದಿಸಿದರು. ಸಂವಾದದ ಕಟ್ಟಡ ಅವರದು, ವಚನಗಳು ಶರಣರವು. ಅಂಕಿತವಿರುವುದರಿಂದ ಋಣವು ಮರೆಯಾಗದು. ನಮ್ಮ ಕೊಡಗಿನಲ್ಲಿಯೂ ನಡಿಕೇರಿಯಂಡ ಚಿಣ್ಣಪ್ಪನವರು ಜನರ ಬಾಯಲ್ಲಿದ್ದ ಹಾಡುಗಳನ್ನು ಸಂಗ್ರಹಿಸಿ 1924ರಲ್ಲಿ 'ಪಟ್ಟೋಲೆ ಪಳಮೆ'ಯಾಗಿ ಪ್ರಕಟಿಸಿದಾಗ, ಅವನ್ನು ಪರಂಪರೆಯ ಸೊತ್ತೆಂದೇ ಒಪ್ಪಿಸಿದರು.

ನುಡಿ ಉಳಿದು ಅಂಕಿತ ಮಾತ್ರ ಬದಲಾದರೇನು? ಮಾತೆ ಮಹಾದೇವಿಯವರ 'ವಚನ ದೀಪ್ತಿ'ಯಲ್ಲಿ ಬಸವಣ್ಣನವರ ಅಂಕಿತವು 'ಲಿಂಗದೇವ' ಎಂದಾಯಿತು. ರಾಜ್ಯಸರ್ಕಾರವು 1998ರಲ್ಲಿ ಗ್ರಂಥವನ್ನು ನಿಷೇಧಿಸಿತು. 2017ರಲ್ಲಿ ಸರ್ವೋಚ್ಚ ನ್ಯಾಯಾಲಯವು ಆ ನಿಷೇಧವನ್ನು ಎತ್ತಿಹಿಡಿಯಿತು. ಇದು ಕೃತಿಚೌರ್ಯವಲ್ಲ, ಪರರ ನುಡಿಯನ್ನು ತಮ್ಮದೆಂದು ಅವರು ಹೇಳಲಿಲ್ಲ. ನಿಷೇಧದ ಯುಕ್ತಾಯುಕ್ತತೆಯೂ ಬೇರೆ ಮಾತು. ಆದರೂ ಕರ್ತೃವಿನ ಮುದ್ರೆಯನ್ನು ತಿದ್ದುವ ಅಧಿಕಾರ ಭಕ್ತಿಗೂ ಇಲ್ಲವೆಂಬುದು ಸ್ಪಷ್ಟ.

ಇಂದಿನ ನಿಜವಾದ ಕಳವು ಬೇರೆಡೆ ಇದೆ. ಫ. ಗು. ಹಳಕಟ್ಟಿಯವರಂಥವರು ತಾಳೆಗರಿಗಳನ್ನು ಅರಸಿ, ಪಾಠಗಳನ್ನು ಹೋಲಿಸಿ ಉಳಿಸಿಕೊಟ್ಟ ವಚನಗಳನ್ನು ಅವರ ಹೆಸರೆತ್ತದೆ ಅಚ್ಚುಹಾಕುವುದು ಶ್ರಮದ ಅಪಹರಣ. ವಚನವನ್ನು ಉದ್ಧರಿಸುವ ವಿದ್ಯಾರ್ಥಿಯು ಅಂಕಿತವನ್ನು ಬಿಡದಿರಲಿ, ಸಂಪಾದಕರನ್ನೂ ಸ್ಮರಿಸಲಿ. ಕಾಯಕವನ್ನು ಕೈಲಾಸವೆಂದವರ ನುಡಿಯನ್ನು ಇನ್ನೊಬ್ಬರ ಕಾಯಕವನ್ನು ಮರೆಮಾಚಿ ಹಂಚುವುದು ಸಲ್ಲದು.