ಕಾಕಾನೋ, ಮಾಮಾನೋ?

ದೀಪಾವಳಿಗೆ ಬೆಂಗಳೂರಿನಿಂದ ಸೇಡಂಗೆ ಬಂದಿದ್ದ ನನ್ನ ಮೊಮ್ಮಗಳು ಟ್ರಂಕಿನಲ್ಲಿದ್ದ ನನ್ನ ಮದುವೆಯ ಫೋಟೊ ಹೊರತೆಗೆದಳು. ‘ಮುತ್ಯಾ, ಈ ಅಂಕಲ್ ಯಾರು? ಪೇಟ ಸುತ್ತಿದ ಆ ಅಂಕಲ್ ಯಾರು?’ ಎಂದು ಶುರು ಮಾಡಿದಳು. ಎಣಿಸಿದರೆ ಐದು ಜನ ಅಂಕಲ್! ಒಬ್ಬರು ನನ್ನ ಕಾಕಾ, ಅಂದರೆ ಅಪ್ಪನ ತಮ್ಮ. ಇನ್ನೊಬ್ಬರು ಸೋದರಮಾವ, ಅವ್ವನ ಅಣ್ಣ. ಮೂರನೆಯವರು ಚಿಗವ್ವನ ಗಂಡ. ನಾಲ್ಕನೆಯವರು ನನ್ನ ಹೆಂಡತಿಯ ಅಕ್ಕನ ಗಂಡ, ನನಗೆ ಷಡ್ಡಕ. ಐದನೆಯವರು ಯಾವ ನೆಂಟರೂ ಅಲ್ಲ, ಫೋಟೊ ತೆಗೆಯುವಾಗ ಅಡ್ಡ ಬಂದ ಅಡುಗೆಯವರು!

ಮೊಮ್ಮಗಳು ನಕ್ಕು, ‘ಎಲ್ಲರನ್ನೂ ಅಂಕಲ್ ಅಂದರೆ ಸುಲಭ ಅಲ್ಲವಾ?’ ಎಂದಳು. ಸುಲಭವೇನೋ ನಿಜ. ಆದರೆ ಸೇಡಂ, ಚಿತ್ತಾಪುರ, ಚಿಂಚೋಳಿ ಕಡೆಯ ಜನರೊಂದಿಗೆ ಬ್ಯಾಂಕಿನ ಕೌಂಟರಿನಲ್ಲಿ ವರ್ಷಾನುಗಟ್ಟಲೆ ವ್ಯವಹರಿಸಿದ ನನಗೆ ಒಂದು ಘಟನೆ ನೆನಪಾಯಿತು.

ಶಹಾಬಾದ್ ಕಡೆಯ ಕಲ್ಲಿನ ಗಣಿಯಲ್ಲಿ ದುಡಿಯುತ್ತಿದ್ದ ಹುಡುಗನೊಬ್ಬ ತೀರಿಕೊಂಡಿದ್ದ. ಮದುವೆಯಾಗಿರಲಿಲ್ಲ. ತಂದೆ ತಾಯಿ, ಒಡಹುಟ್ಟಿದವರು, ಅಜ್ಜ ಅಜ್ಜಿ ಯಾರೂ ಇರಲಿಲ್ಲ. ಖಾತೆಗೆ ನಾಮಿನಿಯೂ ಇರಲಿಲ್ಲ. ಹಣ ಕೇಳಿಕೊಂಡು ಇಬ್ಬರು ಬಂದರು. ಇಂಗ್ಲಿಷ್ ಅರ್ಜಿಯಲ್ಲಿ ಇಬ್ಬರೂ ‘ಅಂಕಲ್’ ಎಂದೇ ಬರೆಸಿದ್ದರು. ‘ನೀವು ಹುಡುಗನಿಗೆ ಏನಾಗಬೇಕ್ರೀ?’ ಎಂದು ಕೇಳಿದ ಮೇಲೆ ಗೊತ್ತಾಯಿತು, ಒಬ್ಬರು ಕಾಕಾ, ಇನ್ನೊಬ್ಬರು ಸೋದರಮಾವ.

1956ರ ಹಿಂದೂ ಉತ್ತರಾಧಿಕಾರ ಕಾಯ್ದೆ ಇವರಿಬ್ಬರನ್ನು ಒಂದೇ ಸಾಲಿನಲ್ಲಿ ನಿಲ್ಲಿಸುವುದಿಲ್ಲ. ಗಂಡಸು ತೀರಿಕೊಂಡು, ಹೆಂಡತಿ, ಮಕ್ಕಳು, ತಾಯಿಯಂಥ ಮೊದಲ ವಾರಸುದಾರರು ಯಾರೂ ಇಲ್ಲದಿದ್ದರೆ, ಉಳಿದ ನೆಂಟರನ್ನು ಒಂಬತ್ತು ಗುಂಪು ಮಾಡಿ ಸರದಿಯಲ್ಲಿ ಕರೆಯುತ್ತದೆ. ಅಪ್ಪನ ಒಡಹುಟ್ಟಿದವರು ಏಳನೆಯ ಗುಂಪು, ಅವ್ವನ ಒಡಹುಟ್ಟಿದವರು ಒಂಬತ್ತನೆಯದು. ಮೇಲಿನ ಗುಂಪಿನಲ್ಲಿ ಒಬ್ಬರಿದ್ದರೂ ಕೆಳಗಿನವರಿಗೆ ಪಾಲಿಲ್ಲ. ಹಣ ಕಾಕಾಗೆ ಹೋಯಿತು. ಹುಡುಗನನ್ನು ಚಿಕ್ಕಂದಿನಿಂದ ಸಾಕಿದವರು ಸೋದರಮಾವ. ಅವರು ಏನೂ ಅನ್ನಲಿಲ್ಲ. ಅರ್ಜಿ ಮಡಚಿ ಜೇಬಿಗೆ ಹಾಕಿಕೊಂಡು ಎದ್ದು ಹೋದರು. ಹುಡುಗ ಮಾವನ ಹೆಸರಿಗೆ ಒಂದು ಉಯಿಲು ಬರೆದಿಟ್ಟಿದ್ದರೆ ಹೀಗಾಗುತ್ತಿರಲಿಲ್ಲ.

ಮಕ್ಕಳೇ, ವಾಡಿ ಜಂಕ್ಷನ್ನಿನಲ್ಲಿ ಅರ್ಧ ಗಂಟೆ ನಿಂತರೆ ನಾಲ್ಕು ಭಾಷೆ ಕಿವಿಗೆ ಬೀಳುತ್ತವೆ. ಉರ್ದುವಿನಲ್ಲಿ ಚಾಚಾ ಬೇರೆ, ಮಾಮು ಬೇರೆ. ಮರಾಠಿಯಲ್ಲಿ ಕಾಕಾ ಬೇರೆ, ಮಾಮಾ ಬೇರೆ. ತೆಲುಗಿನಲ್ಲಿ ಬಾಬಾಯಿ ಬೇರೆ, ಮೇನಮಾಮ ಬೇರೆ. ನಮ್ಮಲ್ಲೂ ಹಾಗೆಯೇ. ಕನ್ನಡದಲ್ಲಿ ಇನ್ನೊಂದು ವಿಶೇಷ: ಅವ್ವನ ಅಣ್ಣನೂ ಮಾವ, ಹೆಂಡತಿಯ ಅಪ್ಪನೂ ಮಾವ. ಗಂಡಸಿಗೆ ಅಕ್ಕನ ಮಗನೂ ಅಳಿಯ, ಮಗಳ ಗಂಡನೂ ಅಳಿಯ. ಸೋದರಮಾವನ ಮಗಳನ್ನು ತಂದುಕೊಳ್ಳುತ್ತಿದ್ದ ಹಳೆಯ ಪದ್ಧತಿ ಈ ಮಾತುಗಳಲ್ಲಿ ಉಳಿದಿದೆ. ಕಾಕಾನ ಮಕ್ಕಳು, ಚಿಗವ್ವನ ಮಕ್ಕಳು ಮಾತ್ರ ಅಣ್ಣ ತಂಗಿಯರೇ. ತಮಿಳು, ತೆಲುಗು, ಕನ್ನಡದ ಈ ಲೆಕ್ಕ ತಮ್ಮ ದೇಶದ ಇರೊಕ್ವಾ ಮೂಲನಿವಾಸಿಗಳ ಲೆಕ್ಕವನ್ನು ಹೋಲುತ್ತದೆಂದು ಅಮೆರಿಕದ ಲೂಯಿಸ್ ಹೆನ್ರಿ ಮಾರ್ಗನ್ 1871ರಲ್ಲೇ ಬರೆದರು. ರಕ್ತಸಂಬಂಧದ ಮದುವೆ ಬೇಡವೆಂದು ಈಗ ವೈದ್ಯರು ಹೇಳುತ್ತಾರೆ. ಪದ್ಧತಿ ಬಿಡೋಣ, ಪದ ಬಿಡುವುದು ಬೇಡ.

ಚರಿತ್ರೆ ಓದುವಾಗಲೂ ಇದೇ ತೊಡಕು. ನಮ್ಮ ಮಳಖೇಡವನ್ನು ರಾಜಧಾನಿ ಮಾಡಿಕೊಂಡ ರಾಷ್ಟ್ರಕೂಟರಲ್ಲಿ, ದಂತಿದುರ್ಗನ ನಂತರ ಪಟ್ಟಕ್ಕೆ ಬಂದವನು ಅವನ ‘ಅಂಕಲ್’ ಒಂದನೆಯ ಕೃಷ್ಣ, ಎಲ್ಲೋರದ ಕೈಲಾಸ ದೇಗುಲ ಕಟ್ಟಿಸಿದವನು. ಇಂಗ್ಲಿಷ್ ಪುಸ್ತಕ ಓದಿ ನಾನು ಸೋದರಮಾವ ಅಂದುಕೊಂಡಿದ್ದೆ. ಮಾವನಾಗಿದ್ದರೆ ಪಟ್ಟ ಬೇರೆ ಮನೆತನಕ್ಕೆ ಹೋದಂತೆ! ಅವನು ದಂತಿದುರ್ಗನ ಅಪ್ಪನ ಒಡಹುಟ್ಟಿದವನು.

ಹಿಂದೆ ಹೆಳವರು ಎತ್ತಿನ ಮೇಲೆ ಕೂತು ಊರೂರಿಗೆ ಬಂದು, ಮನೆತನದ ಹಿರಿಯರ ಹೆಸರುಗಳನ್ನು ತಲೆಮಾರಿನಿಂದ ತಲೆಮಾರಿಗೆ ಹೇಳಿ, ಕಾಳುಕಡಿ ಪಡೆದು ಹೋಗುತ್ತಿದ್ದರು. ಈಗ ನಾವೇ ಬರೆದಿಟ್ಟುಕೊಳ್ಳಬೇಕು.

ಆ ದಿನ ಮೊಮ್ಮಗಳು ನೋಟ್‌ಬುಕ್ಕಿನಲ್ಲಿ ವಂಶವೃಕ್ಷ ಬರೆಯಲು ಕೂತಳು. ನಾನು ಐದು ತಲೆಮಾರಿನ ಗಂಡಸರ ಹೆಸರು ಪಟಪಟನೆ ಹೇಳಿದೆ. ‘ಹೆಂಗಸರ ಹೆಸರು?’ ಎಂದಳು. 2005ರ ತಿದ್ದುಪಡಿಯ ನಂತರ ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೂ ಮಗನಷ್ಟೇ ಹಕ್ಕು, ವಂಶವೃಕ್ಷದಲ್ಲಿ ಹೆಣ್ಣುಮಕ್ಕಳನ್ನು ಬಿಡಬಾರದು ಎಂದು ಎಷ್ಟೋ ಗಿರಾಕಿಗಳಿಗೆ ತಿಳಿಹೇಳಿದವನು ನಾನು. ಆದರೆ ನನ್ನ ಆಯಿಯ ಅವ್ವನ ಹೆಸರು ನನಗೇ ಗೊತ್ತಿರಲಿಲ್ಲ. ಕೇಳೋಣವೆಂದರೆ ಹೇಳುವವರು ಯಾರೂ ಉಳಿದಿಲ್ಲ.

ನಮ್ಮ ಮರದಲ್ಲಿ ಆ ಚೌಕ ಖಾಲಿ ಇದೆ. ಮಕ್ಕಳೇ, ಈ ಭಾನುವಾರವೇ ನಿಮ್ಮ ಆಯಿಯ ಹತ್ತಿರ ಕೂತು ಕೇಳಿರಿ: ‘ಆಯೀ, ನಿನ್ನ ಅವ್ವನ ಹೆಸರೇನು?’ ಕೇಳಿ, ಬರೆದಿಡಿರಿ.