ಹುಣಸೂರಿನಲ್ಲೇ ಕೂತು ಸಿನಿಮಾ ವಿಮರ್ಶೆ

ಯೂಟ್ಯೂಬಿನಲ್ಲಿ ಸಿನಿಮಾ, ಧಾರಾವಾಹಿಗಳ ವಿಮರ್ಶೆ ಮಾಡುವವರು ಬೆಂಗಳೂರಿನಲ್ಲೇ ಇರಬೇಕಿಲ್ಲ. ನಾನಿರುವುದು ಹುಣಸೂರಿನಲ್ಲಿ. ‘ಸತ್ಯ ಹರಿಶ್ಚಂದ್ರ’ (1965), ‘ಬಬ್ರುವಾಹನ’ (1977) ನಿರ್ದೇಶಿಸಿದ ಹುಣಸೂರು ಕೃಷ್ಣಮೂರ್ತಿಯವರ ಹೆಸರಲ್ಲೇ ಈ ಊರಿದೆ.

‘ಬಬ್ರುವಾಹನ’ದಲ್ಲಿ ಅರ್ಜುನನೂ ಅವನ ಮಗನೂ ರಾಜ್‌ಕುಮಾರರೇ. ಇಬ್ಬರೂ ಎದುರುಬದುರಾಗಿ ಮೂದಲಿಸಿಕೊಳ್ಳುವ ದೃಶ್ಯವನ್ನು ನಿಲ್ಲಿಸಿ ನಿಲ್ಲಿಸಿ ನೋಡಿ: ಮಗನ ಮಾತಿನಲ್ಲಿ ಬಿರುಸು, ಅಪ್ಪನದರಲ್ಲಿ ಬಿಗುಮಾನ. ಯಾವ ಮಾತಿನಲ್ಲಿ, ಯಾವ ನೋಟದಲ್ಲಿ ಎಂದು ಬಿಡಿಸಿ ಹೇಳದೆ ‘ಅಣ್ಣಾವ್ರು ಸೂಪರ್’ ಎಂದರೆ ನೋಡುಗರಿಗೆ ಹೊಸದೇನು ಸಿಕ್ಕಿತು?

ವಿಮರ್ಶೆಗೆ ಕಿವಿಯೂ ಬೇಕು. 2015ರಲ್ಲಿ ಲೊಕಾರ್ನೊದಲ್ಲಿ ಪ್ರಶಸ್ತಿ ಗೆದ್ದ ‘ತಿಥಿ’ಯಲ್ಲಿ ಮಂಡ್ಯ ಜಿಲ್ಲೆಯ ಹಳ್ಳಿಯವರೇ ನಟಿಸಿದ್ದಾರೆ. ಅವರ ಮಾತಿನ ವರಸೆ ನಮ್ಮ ನೆರೆಯ ಕೆ.ಆರ್. ನಗರದವರಿಗೆ ಮನೆಮಾತಿನಷ್ಟೇ ಹತ್ತಿರ. ಧಾರಾವಾಹಿಗಳ ಕೃತಕ ಹಳ್ಳಿಗನ್ನಡ ಅವರಿಗೆ ಥಟ್ಟನೆ ಗೊತ್ತಾಗುತ್ತದೆ.

ವರಮಾನ ನಿಧಾನ. ಜಾಹೀರಾತಿನ ಪಾಲಿಗೆ 1,000 ಚಂದಾದಾರರು, ವರ್ಷದಲ್ಲಿ 4,000 ಗಂಟೆಗಳ ವೀಕ್ಷಣೆ ಬೇಕು. ಕಿರುವಿಡಿಯೊಗಳಿಗೆ ಬೇರೆ ಲೆಕ್ಕ. ಹಾಗೆಂದು ಬೇಗ ವೀಕ್ಷಣೆ ಗಳಿಸಲು ಮೊದಲ ಆಟ ಮುಗಿದೊಡನೆ ತೀರ್ಪು ಕೊಡುವ ಅವಸರ ನನಗೆ ಒಪ್ಪಿಗೆಯಿಲ್ಲ. ಪಿರಿಯಾಪಟ್ಟಣದ ಬ್ಯಾರನ್ನಿನಲ್ಲಿ ತಂಬಾಕಿಗೂ ಹದ ಬರಲು ದಿನಗಳು ಬೇಕು. ನೋಡುಗರ ಖರ್ಚು ಮರೆಯಬಾರದೆಂದು ನಾನೂ ಟಿಕೆಟ್ ಕೊಂಡೇ ನೋಡುತ್ತೇನೆ. ಎಚ್.ಡಿ. ಕೋಟೆಯಿಂದ ಮೈಸೂರಿಗೆ ಹೋಗಿ ಸಿನಿಮಾ ನೋಡುವ ಕುಟುಂಬಕ್ಕೆ ಟಿಕೆಟ್ಟಿನ ಜೊತೆ ಬಸ್ಸಿನ ದುಡ್ಡೂ ಸೇರುತ್ತದೆ. ನನ್ನ ಮಾತು ನಂಬಿ ಹೊರಡುವವರು ಅವರು.